ಕೈ ಗುಲಾಬಿಯಾದರೂ ಖುಲಾಸೆ ಹೇಗೆ?

‘ಲಂಚದ ನೋಟು ಕೈಯಲ್ಲೇ ಸಿಕ್ಕಿತ್ತಲ್ಲ, ಮತ್ತೆ ಬಿಟ್ಟಿದ್ದು ಹೇಗೆ?’ ಲಂಚ ಪಡೆಯುವಾಗಲೇ ಬಲೆ ಬೀಸಿ ಹಿಡಿಯುವ ಲೋಕಾಯುಕ್ತ ಟ್ರ್ಯಾಪ್ ಕೇಸುಗಳ ಮಾತು ಬಂದಾಗಲೆಲ್ಲ ಈ ಪ್ರಶ್ನೆ ಏಳುತ್ತದೆ. ಆರೋಪಿಯ ಕೈ ತೊಳೆಸಿದಾಗ ಬರುವ ಗುಲಾಬಿ ಬಣ್ಣ ಹೇಳುವುದು ನೋಟು ಮುಟ್ಟಿದ್ದನ್ನು, ಲಂಚ ಕೇಳಿದ್ದನ್ನಲ್ಲ.

ನೋಟುಗಳ ನಂಬರನ್ನು ಇಬ್ಬರು ಪಂಚರ (ಸ್ವತಂತ್ರ ಸಾಕ್ಷಿಗಳ) ಎದುರು ಬರೆದುಕೊಂಡು ಫಿನಾಫ್ತಲೀನ್ ಪುಡಿ ಸವರುತ್ತಾರೆ. ಒಬ್ಬ ಪಂಚ ಅವನ್ನು ದೂರುದಾರನ ಜೇಬಿಗಿಡುತ್ತಾನೆ, ಇನ್ನೊಬ್ಬ ನೆರಳು ಸಾಕ್ಷಿಯಾಗಿ ಜೊತೆಗೆ ಹೋಗುತ್ತಾನೆ. ಹಣ ಕೈ ಬದಲಾದೊಡನೆ ದೂರುದಾರ ತಲೆ ಸವರಿಕೊಳ್ಳುವಂಥ ಒಂದು ಸನ್ನೆಯನ್ನು ಕಾದಿರುವ ಪೊಲೀಸರಿಗೆ ಮಾಡಬೇಕು. ಆರೋಪಿಯ ಬೆರಳನ್ನು ಸೋಡಿಯಂ ಕಾರ್ಬೊನೇಟ್ ದ್ರಾವಣದಲ್ಲಿ ಅದ್ದಿಸಿದರೆ ನೀರು ಗುಲಾಬಿ. ಅದನ್ನು ಬಾಟಲಿಗೆ ತುಂಬಿ ಸೀಲ್ ಮಾಡಿ ಪ್ರಯೋಗಾಲಯಕ್ಕೆ. ಪುಡಿ ಸವರಿದ ಪೇದೆಯೇ ಕೈ ತೊಳೆಸಲೂ ನಿಂತರೆ ಮುಗಿಯಿತು: ಪುಡಿ ಬಂದದ್ದು ಅವನ ಕೈಯಿಂದ ಎಂದು ಪಾಟೀಸವಾಲಿನಲ್ಲಿ ಹಿಡಿದುಕೊಳ್ಳುತ್ತಾರೆ.

ಬಹುತೇಕ ಕೇಸು ಸೋಲುವುದು ‘ಬೇಡಿಕೆ’ಯಲ್ಲಿ. ‘ಸಾಲ ವಾಪಸ್ ಕೊಟ್ಟ’, ‘ಡ್ರಾಯರಿಗೆ ತಾನೇ ತುರುಕಿ ಹೋದ’ ಎಂಬ ಸಮಜಾಯಿಷಿ ಮಾಮೂಲು. ಬೇಡಿಕೆಯೂ ಸ್ವೀಕಾರವೂ ಸಾಬೀತಾಗಲೇಬೇಕು. ದೂರುದಾರ ಸತ್ತರೆ ಅಥವಾ ತಿರುಗಿಬಿದ್ದರೆ ಸಾಂದರ್ಭಿಕ ಸಾಕ್ಷ್ಯ ಆದೀತು ಎಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2022ರ ಡಿಸೆಂಬರಿನಲ್ಲಿ ಹೇಳಿದೆ. ಹಾಗಾಗಿ ಟ್ರ್ಯಾಪಿಗೆ ಮೊದಲೇ ದೂರುದಾರನ ಕೈಗೆ ರೆಕಾರ್ಡರ್ ಕೊಟ್ಟು ಕಳಿಸಿ ಮಾತು ಹಿಡಿಯಬೇಕು. ಆ ರೆಕಾರ್ಡಿಂಗಿಗೆ ಪ್ರಮಾಣಪತ್ರ ಬೇಕು (ಮೊದಲಿನ ಸಾಕ್ಷ್ಯ ಕಾಯ್ದೆಯ 65ಬಿ, ಈಗ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಂ). ಈ ಒಂದು ಹಾಳೆ ಮರೆತು ಒಳ್ಳೆಯ ಆಡಿಯೊ ಕಸದ ಬುಟ್ಟಿ ಸೇರುತ್ತದೆ. ಆರೋಪಿ ಧ್ವನಿ ಮಾದರಿ ಕೊಡಲೊಲ್ಲೆ ಎಂದರೆ ಮ್ಯಾಜಿಸ್ಟ್ರೇಟ್ ಆದೇಶಿಸಬಹುದು. ಅದಕ್ಕೆ 2019ರ ತೀರ್ಪಿದೆ. ದೂರುದಾರನ ಫೈಲನ್ನೂ ಅದೇ ಮಹಜರಿನಲ್ಲಿ ಜಪ್ತಿ ಮಾಡಬೇಕು. ಕೆಲಸ ಬಾಕಿ ಇರಲಿಲ್ಲ ಎಂದಾದರೆ ಲಂಚ ಯಾಕೆ ಕೇಳಿದ ಎಂಬುದಕ್ಕೆ ಉತ್ತರ ಸಿಗದು.

‘ದೊಡ್ಡವರು ಯಾಕೆ ಸಿಗಲ್ಲ?’ ಇದು ಮುಂದಿನ ಪ್ರಶ್ನೆ. ದೊಡ್ಡವರು ಸಾಮಾನ್ಯವಾಗಿ ನೋಟು ಮುಟ್ಟುವುದಿಲ್ಲ. ಮುಟ್ಟುವುದು ಆಪ್ತ ಸಹಾಯಕ, ಇಲ್ಲವೇ ಏಜೆಂಟ್. ಸ್ಥಳದಲ್ಲೇ ಹಿಡಿದವನ ತನಿಖೆಗೆ ಪೂರ್ವಾನುಮತಿ ಬೇಡ. ಆದರೆ ಅವನ ಮೇಲಿನವರು ಕೊಟ್ಟ ಶಿಫಾರಸು, ನಿರ್ಧಾರಗಳನ್ನು ತನಿಖೆ ಮಾಡಲು ಪೂರ್ವಾನುಮತಿ ಬೇಕೆನ್ನುವ ಭ್ರಷ್ಟಾಚಾರ ತಡೆ ಕಾಯ್ದೆಯ 17ಎ ಕಲಂ ಅಡ್ಡ ಬರುತ್ತದೆ. ಅದು ಸೇರಿದ್ದು 2018ರಲ್ಲಿ. ಅನುಮತಿಗೆ ಮೂರು ತಿಂಗಳು, ಬೇಕಿದ್ದರೆ ಇನ್ನೊಂದು. ಆಮೇಲೆ ಕೋರ್ಟಿನ ವಿಚಾರಣೆಗೆ 19ನೇ ಕಲಮಿನ ಮಂಜೂರಾತಿ ಬೇರೆ.

ಆದ್ದರಿಂದ ಏಜೆಂಟನ ಫೋನು, ಡೈರಿ, ಕಚೇರಿಯ ಸಂದರ್ಶಕರ ರಿಜಿಸ್ಟರ್, ಸಿಸಿಟಿವಿ ದೃಶ್ಯ ಉಳಿಸುವ ಡಿವಿಆರ್ ಎಲ್ಲವೂ ಟ್ರ್ಯಾಪಿನ ದಿನವೇ ಜಪ್ತಿಯಾಗಬೇಕು. ಮಾರನೆಯ ದಿನ ಹೋದರೆ ಡಿವಿಆರ್ ‘ರಿಪೇರಿಗೆ’ ಹೋಗಿರುತ್ತದೆ.