ಸಮಾಧಿಯ ಮೇಲೆ ದಾಳಿಂಬೆ

ಅಕ್ಕ ಮತ್ತು ನಾನು ಇಂಗ್ಲೆಂಡಿನಲ್ಲಿ ಒಂಬತ್ತು ದಿನ ಇದ್ದೆವು. ನನ್ನ ಮನಸ್ಸಿನಲ್ಲಿ ಉಳಿದದ್ದು ಪೀಟರ್‌ಬರೋದಲ್ಲಿ ಕಳೆದ ಒಂದು ಮಧ್ಯಾಹ್ನ.

ಲಂಡನ್ನಿನ ದೊಡ್ಡ ಚರ್ಚು ವೆಸ್ಟ್‌ಮಿನ್‌ಸ್ಟರ್ ಅಬ್ಬೆಯಲ್ಲಿ ಜಾತ್ರೆಯಷ್ಟು ಜನ. ಅಲ್ಲಿ ಇಂಗ್ಲೆಂಡಿನ ರಾಣಿಯರಾಗಿದ್ದ ಮೊದಲನೇ ಎಲಿಜಬೆತ್ ಮತ್ತು ಅವಳ ಅಕ್ಕ ಮೇರಿ ಒಂದೇ ಗೋರಿಯಲ್ಲಿದ್ದಾರೆ. 1554ರಲ್ಲಿ ಈ ಅಕ್ಕನೇ ತಂಗಿಯನ್ನು ಸೆರೆಯಲ್ಲಿಟ್ಟಿದ್ದಳು. ಗೋರಿಯ ಮೇಲೆ ಮಲಗಿರುವ ಮೂರ್ತಿ ಮಾತ್ರ ತಂಗಿಯದು. "ಅಕ್ಕನಿಗೆ ಒಂದು ಮುಖವೂ ಇಲ್ವಲ್ಲೇ" ಎಂದಳು ನಮ್ಮಕ್ಕ.

ಆ ಮೇರಿಯ ಅಪ್ಪ, ಇಂಗ್ಲೆಂಡಿನ ದೊರೆ ಎಂಟನೇ ಹೆನ್ರಿಯ ಸಮಾಧಿ ಇರುವುದು ವಿಂಡ್ಸರ್ ಕೋಟೆಯ ಸೇಂಟ್ ಜಾರ್ಜ್ ಚಾಪೆಲ್‌ನಲ್ಲಿ. ನಾವು ಹೋದದ್ದು ಭಾನುವಾರ. ಅವತ್ತು ಪೂಜೆಗೆ ಬರುವವರಿಗೆ ಮಾತ್ರ ಪ್ರವೇಶ. ಅಷ್ಟು ದುಡ್ಡು ಕೊಟ್ಟು ಒಳಗೆ ಹೋಗಿಯೂ ಚಾಪೆಲ್ ನೋಡಲಾಗಲಿಲ್ಲ. ಈಗಲೂ ಬೇಜಾರಿದೆ. ದಯವಿಟ್ಟು ಭಾನುವಾರ ಹೋಗಬೇಡಿ.

ಹೆನ್ರಿಯ ಮೊದಲ ಹೆಂಡತಿ, ಮೇರಿಯ ಅಮ್ಮ ಕ್ಯಾಥರೀನ್ ಇರುವುದು ಪೀಟರ್‌ಬರೋ ಕ್ಯಾಥೆಡ್ರಲ್‌ನಲ್ಲಿ. ಲಂಡನ್ನಿನ ಕಿಂಗ್ಸ್ ಕ್ರಾಸ್ ನಿಲ್ದಾಣದಿಂದ ವೇಗದ ರೈಲಿನಲ್ಲಿ ಒಂದು ಗಂಟೆಯೂ ಬೇಡ. ಒಳಗೆ ಎಂಥಾ ಮೌನ! ನೆಲದಲ್ಲಿ ಕಪ್ಪು ಕಲ್ಲಿನ ಚಪ್ಪಡಿ. ಅದರ ಮೇಲೆ ಹೂವಿನ ಜೊತೆ ಎರಡು ದಾಳಿಂಬೆ ಹಣ್ಣು. ಯಾರೋ ಮರೆತು ಹೋಗಿರಬೇಕು ಅಂದುಕೊಂಡೆ.

"ಮರೆತದ್ದಲ್ಲ, ಅವಳಿಗೇ ಇಟ್ಟದ್ದು" ಎಂದರು ಅಲ್ಲಿ ಸೇವೆಗೆ ನಿಂತಿದ್ದ ವಯಸ್ಸಾದ ಹೆಂಗಸು. ಸ್ಪೇನಿನ ರಾಜಮನೆತನದ ಮಗಳಾದ ಕ್ಯಾಥರೀನ್‌ಳ ಲಾಂಛನ ದಾಳಿಂಬೆಯಂತೆ. ನಾವು ಕೇಳುತ್ತಾ ಹೋದೆವು, ಅವರು ಹೇಳುತ್ತಾ ಹೋದರು. 1509ರಲ್ಲಿ ಹೆನ್ರಿಯ ಜೊತೆ ಮದುವೆ. 1533ರಲ್ಲಿ ಆ ಮದುವೆಯೇ ಅಸಿಂಧು ಎಂದು ತೀರ್ಪು. ಆಮೇಲೆ ಅವಳನ್ನು ಯಾರೂ ರಾಣಿ ಎನ್ನಬಾರದು. 1536ರ ಜನವರಿಯಲ್ಲಿ ಸತ್ತಾಗ ಮಣ್ಣು ಮಾಡಿದ್ದೂ ಅವಳ ಮೊದಲ ಗಂಡ, ಹೆನ್ರಿಯ ತೀರಿಹೋದ ಅಣ್ಣ ಆರ್ಥರನ ವಿಧವೆ ಎಂದೇ. ಹೆನ್ರಿ ಬರಲಿಲ್ಲ.

"ಮಗಳು?" ಎಂದಳು ಅಕ್ಕ.

"ಅವಳನ್ನು ಬರಲು ಬಿಡಲಿಲ್ಲ."

ಅಕ್ಕ ಸುಮ್ನೆ ನಿಂತುಬಿಟ್ಟಳು. ಅಮ್ಮ ಹೋದಾಗ ಅವಳು ಊರಲ್ಲಿರಲಿಲ್ಲ.

1643ರಲ್ಲಿ, ರಾಜನ ವಿರುದ್ಧದ ಅಂತರ್ಯುದ್ಧದಲ್ಲಿ, ಕ್ರಾಮ್‌ವೆಲ್‌ನ ಸೈನಿಕರು ಅಲ್ಲಿದ್ದ ಗೋರಿಯನ್ನೂ ಒಡೆದರು. ಈಗಿನ ಚಪ್ಪಡಿಗೆ 19ನೇ ಶತಮಾನದ ಕೊನೆಯಲ್ಲಿ ಚಂದಾ ಕೊಟ್ಟವರು ಕ್ಯಾಥರೀನ್ ಎಂಬ ಹೆಸರಿನ ಹೆಂಗಸರು! ಮೇಲೆ ಚಿನ್ನದ ಬಣ್ಣದ ದೊಡ್ಡ ಅಕ್ಷರಗಳಿವೆ: ಕ್ಯಾಥರೀನ್, ಇಂಗ್ಲೆಂಡಿನ ರಾಣಿ. ವೆಸ್ಟ್‌ಮಿನ್‌ಸ್ಟರ್‌ನ ಅಮೃತಶಿಲೆಗಳಿಗಿಂತ ನನಗೆ ಈ ಒಂದು ಸಾಲೇ ಜಾಸ್ತಿ ಇಷ್ಟವಾಯಿತು.

"ಗುಂಡಿ ತೋಡಿದವನನ್ನೂ ನೋಡಿ ಬನ್ನಿ" ಎಂದು ಅವರು ಪಶ್ಚಿಮದ ಬಾಗಿಲ ಕಡೆ ತೋರಿಸಿದರು. ಅಲ್ಲಿ ರಾಬರ್ಟ್ ಸ್ಕಾರ್ಲೆಟ್‌ನ ಚಿತ್ರ. ಕೈಯಲ್ಲಿ ಗುದ್ದಲಿ, ಕಾಲ ಬಳಿ ತಲೆಬುರುಡೆ. ಕ್ಯಾಥರೀನ್‌ಗೂ, 1587ರಲ್ಲಿ ತಲೆ ಕಡಿಸಿಕೊಂಡ ಸ್ಕಾಟ್‌ಲೆಂಡಿನ ರಾಣಿ ಮೇರಿಗೂ ಗುಂಡಿ ತೋಡಿದವನು ಇವನೇ. ಆ ಮೇರಿಯನ್ನು ಆಮೇಲೆ 1612ರಲ್ಲಿ ಅವಳ ಮಗ ವೆಸ್ಟ್‌ಮಿನ್‌ಸ್ಟರ್‌ಗೆ ಸಾಗಿಸಿದ. ಸ್ಕಾರ್ಲೆಟ್ 1594ರಲ್ಲಿ ಸತ್ತಾಗ 98 ವರ್ಷವಂತೆ. ಊರಿನ ಮನೆಯೊಡೆಯರನ್ನೆಲ್ಲ ಎರಡು ಸಲ, ಅಂದರೆ ಎರಡು ತಲೆಮಾರು, ಮಣ್ಣು ಮಾಡಿದವನು ಎಂದು ಚಿತ್ರದ ಕೆಳಗಿನ ಪದ್ಯ ಹೇಳುತ್ತದೆ. ಗುಂಡಿ ತೋಡುವವನ ಚಿತ್ರವನ್ನು ದೇವಾಲಯದ ಗೋಡೆಯಲ್ಲಿ ಇಟ್ಟುಕೊಂಡ ಊರಿನ ಮೇಲೆ ನನಗೆ ಗೌರವ ಬಂತು.

ತಿರುಗಿ ನೋಡಿದರೆ ಅಕ್ಕ ಇರಲಿಲ್ಲ. ಕಾಲು ಗಂಟೆಯ ಮೇಲೆ ಏದುಸಿರು ಬಿಡುತ್ತಾ ಬಂದಳು. ಕೈಯಲ್ಲಿ ಪೇಟೆಯಿಂದ ತಂದ ದಾಳಿಂಬೆ. ಅಂಗಡಿಯವರು ಅಂಟಿಸಿದ್ದ ಚೀಟಿಯನ್ನು ಉಗುರಿನಿಂದ ಕಿತ್ತಳು. ಹಣ್ಣನ್ನು ದುಪಟ್ಟಾದಲ್ಲಿ ಒರೆಸಿ, ಆ ಎರಡರ ಪಕ್ಕದಲ್ಲಿ ಇಟ್ಟಳು.