ರೈಲಿದ್ರೂ ನಿಮ್ಮೂರು ಯಾಕೆ ಬೆಳೀಲಿಲ್ಲ?

ಊರು ಯಾವ್ದು ಅಂತ ಕೇಳಿದೋರಿಗೆ ಬಾಣಾವರ ಅಂದ್ರೆ ಅರ್ಧ ಜನಕ್ಕೆ ಗೊತ್ತಾಗಲ್ಲ, ಅರಸೀಕೆರೆ ದಾಟಿದ್ಮೇಲೆ ಕಡೂರಿಗೆ ಮುಂಚೆ ಬರುತ್ತಲ್ಲ ಆ ಸ್ಟೇಷನ್ ಅಂದ್ರೆ "ಓ ಶಿವಮೊಗ್ಗ ಟ್ರೈನಲ್ಲಿ ಹೋಗ್ವಾಗ ನೋಡಿದೀನಿ, ಬರೀ ತೆಂಗಿನ ತೋಟ" ಅಂತಾರೆ. ಅದಾದ್ಮೇಲೆ ಬಂದೇ ಬರುತ್ತೆ ಈ ಪ್ರಶ್ನೆ. ಅಷ್ಟು ಹಳೇ ರೈಲ್ವೆ ಲೈನು, ಪಕ್ಕದಲ್ಲೇ ಹೈವೇ, ಜಾವಗಲ್ ಮೇಲೆ ಹಳೇಬೀಡಿಗೆ ಹೋಗೋ ರೋಡು ಬೇರೆ, ಆದ್ರೂ ನಿಮ್ಮೂರು ಯಾಕೆ ಹಂಗೇ ಇದೆ? ಆಫೀಸಲ್ಲಿ ಕೇಳಿದಾರೆ, ಮದುವೆ ಮನೇಲಿ ಕೇಳಿದಾರೆ, ನಮ್ಮ ಮಾವ ಅಂತೂ ಹೆಣ್ಣು ಕೊಡೋ ಮುಂಚೆ ಕೇಳಿದ್ರು. ಪ್ರತೀ ಸಲ ಒಂದೆರಡು ಮಾತು ಹೇಳಿ ಸುಮ್ನಾಗ್ತಿದ್ದೆ, ಈ ಸಲ ಪೂರ್ತಿ ಬರೀತೀನಿ.

ಲೈನ್ ಹಳೇದು ಅನ್ನೋದು ನಿಜ. 1884ರಲ್ಲಿ ತುಮಕೂರಿಗೆ ರೈಲು ಬಂತು, 1889ರ ಹೊತ್ತಿಗೆ ಹರಿಹರದ ತನಕ ಮುಟ್ತು, ನಮ್ಮೂರು ಆ ದಾರೀಲಿ ಸಿಕ್ತು. ಆದ್ರೆ ಅಕ್ಕಪಕ್ಕದ ಊರುಗಳಿಗೆ ಆಮೇಲೆ ಏನು ಸಿಕ್ತು ನೋಡಿ. 1899ರಲ್ಲಿ ಬೀರೂರಿಂದ ಶಿವಮೊಗ್ಗಕ್ಕೆ ಲೈನ್ ಹೊರಟಿತು, 1918ರಲ್ಲಿ ಅರಸೀಕೆರೆಯಿಂದ ಹಾಸನದ ಮೇಲೆ ಮೈಸೂರಿಗೆ, ಮೊನ್ನೆ ಮೊನ್ನೆ 2013ರಲ್ಲಿ ಕಡೂರಿಂದ ಚಿಕ್ಕಮಗಳೂರಿಗೆ. ಆ ಕಡೆ ಒಂದು ಜಂಕ್ಷನ್, ಈ ಕಡೆ ಎರಡು, ನಡುವೆ ನಾವು. ಜಂಕ್ಷನ್ ಅಂದ್ರೆ ಜನ ಇಳಿದು ಇನ್ನೊಂದು ಗಾಡಿಗೆ ಕಾಯ್ತಾರೆ, ಕಾಯೋರಿಗೆ ಹೋಟ್ಲು ಬೇಕು, ಡ್ಯೂಟಿ ಮುಗಿಸಿದ ಡ್ರೈವರ್‌ಗೆ ಮಲಗೋಕೆ ಜಾಗ ಬೇಕು, ರೈಲ್ವೆಯವರ ಕ್ವಾರ್ಟರ್ಸ್ ಬರುತ್ತೆ, ಅವರ ಮಕ್ಕಳಿಗೆ ಸ್ಕೂಲು ಬರುತ್ತೆ, ಹಂಗೇ ಊರು ಹರಡ್ಕೊಳ್ಳುತ್ತೆ. ನಮ್ಮಲ್ಲಿ ಗಾಡಿ ಬರುತ್ತೆ, ಒಂದೆರಡು ನಿಮಿಷ ನಿಲ್ಲುತ್ತೆ, ಹೋಗುತ್ತೆ.

ಇನ್ನೊಂದು ಕಾರಣ ನಮ್ಮ ಮನೆ ಅಟ್ಟದಲ್ಲಿದೆ. ನಮ್ಮ ಕಡೆ ಮಾಡೋದು ಉಂಡೆ ಕೊಬ್ಬರಿ, ಕೇರಳದ ಥರ ಕಾಯಿ ಒಡೆದು ಬಿಸಿಲಿಗೆ ಹಾಕೋದಲ್ಲ. ಬಲಿತ ಕಾಯಿ ಕೆಡವಿ ಮಟ್ಟೆ ಸಮೇತ ಅಟ್ಟಕ್ಕೆ ಹಾಕಿದ್ರೆ ಹತ್ತು ಹನ್ನೊಂದು ತಿಂಗಳು ಅಲ್ಲೇ ಇರಬೇಕು, ಒಳಗಿನ ನೀರು ತಾನಾಗೇ ಇಂಗಬೇಕು, ತಿರುಳು ಕರಟ ಬಿಡಬೇಕು. ಅಪ್ಪ ಒಂದು ಕಾಯಿ ತಗೊಂಡು ಕಿವಿ ಹತ್ರ ಹಿಡಿದು ಅಲ್ಲಾಡಿಸ್ತಾರೆ, ನೀರಿನ ಸದ್ದು ಬಂದ್ರೆ ವಾಪಸ್ ಅಟ್ಟಕ್ಕೆ, ಗಿಟುಕು, ಅಂದ್ರೆ ಒಳಗೆ ಒಣಗಿದ ಉಂಡೆ, ಲೊಟಲೊಟ ಅಂತ ಕರಟಕ್ಕೆ ಬಡಿದ್ರೆ ರೆಡಿ. ಆಮೇಲೆ ಸುಲಿಯೋರನ್ನ ಕರೆಸಿ ಮಟ್ಟೆ ತೆಗೆಸಬೇಕು, ಹೆಂಗಸ್ರು ಸಾಲಾಗಿ ಕೂತು ಮಚ್ಚಿನಲ್ಲಿ ಕರಟ ಒಡೀತಾರೆ, ಕರಟ ಬಿಡಬೇಕು ಆದ್ರೆ ಒಳಗಿನ ಉಂಡೆಗೆ ಏಟು ಬೀಳಬಾರ್ದು, ಬಿದ್ರೆ ಚೂರು, ಚೂರಾದ್ರೆ ರೇಟಿಲ್ಲ. ಕೆಲವು ಕೌಟಾಗಿರ್ತಾವೆ, ಒಡೆದ ತಕ್ಷಣ ವಾಸನೇಲೇ ಗೊತ್ತಾಗುತ್ತೆ. ಒಂದು ಚೀಲ ತುಂಬೋ ಹೊತ್ತಿಗೆ ಅದ್ರ ಹಿಂದೆ ಎರಡು ವರ್ಷದ ಕೆಲಸ ಇರುತ್ತೆ, ಹೊಂಬಾಳೆ ಬಿಟ್ಟಲ್ಲಿಂದ ಲೆಕ್ಕ ಹಾಕಿದ್ರೆ.

ಇಷ್ಟೆಲ್ಲ ನಡೆಯೋದು ನಮ್ಮಲ್ಲಿ, ರೇಟ್ ಕೂಗೋದು ತಿಪಟೂರಲ್ಲಿ ಇಲ್ಲಾ ಅರಸೀಕೆರೇಲಿ. ತಿಪಟೂರೇನು ಜಂಕ್ಷನ್ ಅಲ್ಲ, ಇದೇ ಲೈನಲ್ಲಿರೋ ಊರು, ಆದ್ರೆ ಕೊಬ್ಬರಿ ಮಾರ್ಕೆಟ್ ಅಲ್ಲಿ ಕೂತಿದೆ, ಅದಕ್ಕೇ ಅದು ತಿಪಟೂರಾಯ್ತು. 2023ರಲ್ಲಿ ಉಂಡೆ ಕೊಬ್ಬರಿಗೆ ಬೆಂಬಲ ಬೆಲೆ ಕ್ವಿಂಟಾಲ್‌ಗೆ 11,750 ಇತ್ತು, ಮಾರ್ಕೆಟ್ಟಲ್ಲಿ ಎಂಟು ಸಾವಿರದ ಆಸುಪಾಸಿಗೆ ಬಿದ್ದಿತ್ತು, ಅಪ್ಪ ಅಟ್ಟದ ಏಣಿ ಹತ್ರಾನೂ ಹೋಗ್ತಿರ್ಲಿಲ್ಲ. ಎರಡು ವರ್ಷ ಬಿಟ್ಟು 25,000 ದಾಟ್ತು, ಆದ್ರೆ ಆ ಹೊತ್ತಿಗೆ ಮಳೆ ಕಮ್ಮಿಯಾಗಿ, ನುಸಿ, ಕಪ್ಪು ತಲೆ ಹುಳು ಎಲ್ಲ ಸೇರಿ ಮರದಲ್ಲಿ ಕಾಯೇ ಇರ್ಲಿಲ್ಲ. ರೈತನ ಹತ್ರ ದುಡ್ಡು ನಿಂತ್ರೆ ತಾನೇ ಪೇಟೆ ಬೀದೀಲಿ ಅಂಗಡಿ ಏಳೋದು.

ಹಂಗಾದ್ರೆ ರೈಲಿಂದ ನಿಮಗೇನು ಬಂತು ಅಂತೀರಾ? ಇಲ್ಲೇ ನನಗೆ ಹೇಳೋಕಿರೋದು. ರೈಲು ನಮ್ಮೂರನ್ನ ದೊಡ್ಡದು ಮಾಡ್ಲಿಲ್ಲ, ಖಾಲಿಯಾಗೋಕೂ ಬಿಡ್ಲಿಲ್ಲ. ನನ್ನ ತಂಗಿ ಡಿಗ್ರಿ ಓದಿದ್ದು ಅರಸೀಕೆರೇಲಿ, ಮಂತ್ಲಿ ಪಾಸ್‌ನಲ್ಲಿ, ಒಂದು ದಿನಾನೂ ಹಾಸ್ಟೆಲ್ ನೋಡ್ಲಿಲ್ಲ. ಹಾಸ್ಟೆಲ್ ಅಂದಿದ್ರೆ ಓದು ಪಿಯುಸಿಗೇ ನಿಲ್ತಿತ್ತು, ನಮ್ಮನೇಲಿ ಅದು ಗ್ಯಾರಂಟಿ. ಬೆಳಿಗ್ಗೆ ಕೆಲಸಕ್ಕೆ ಹೋಗಿ ಸಂಜೆ ವಾಪಸ್ ಬಂದು ಬೋರ್ ಆನ್ ಮಾಡೋರು ನಮ್ಮ ಬೀದೀಲೇ ನಾಲ್ಕು ಮನೆ ಇದಾರೆ, ಅವರ ತೋಟ ಇನ್ನೂ ತೋಟವಾಗೇ ಇದೆ.

ಅದಕ್ಕೇ ಸ್ಟಾಪಿನ ವಿಷಯ ಬಂದ್ರೆ ನಮ್ಮೂರೋರು ಅಷ್ಟು ಗಲಾಟೆ ಮಾಡೋದು. ಸಿಂಗಲ್ ಲೈನ್ ಇದ್ದಾಗ ಎದುರು ಗಾಡಿಗೆ ಕ್ರಾಸಿಂಗ್ ಅಂತ ಎಕ್ಸ್‌ಪ್ರೆಸ್‌ಗಳೂ ನಿಲ್ತಿದ್ವು, ಜನ ಇಳಿದು ಎಳನೀರು ಕುಡೀತಿದ್ರು. ಡಬ್ಲಿಂಗ್ ಆಯ್ತು, ಲೈನಿಗೆ ಕರೆಂಟ್ ಬಂತು, ಒಳ್ಳೇದೇ, ಆದ್ರೆ ಈಗ ಗಾಡಿಗಳಿಗೆ ನಮ್ಮೂರಲ್ಲಿ ಕಾಯೋ ಕಾರಣವೇ ಇಲ್ಲ, ಧೂಳೆಬ್ಬಿಸಿ ಹೋಗ್ತವೆ. 2020ರಲ್ಲಿ ಕೋವಿಡ್ ಬಂದು ಪ್ಯಾಸೆಂಜರ್ ನಿಂತಾಗ, ಆಮೇಲೆ ಓಡಿದ್ರೂ ಹತ್ತು ರೂಪಾಯಿ ಟಿಕೆಟ್ ಮೂವತ್ತಾದಾಗ, ದಿನಾ ಓಡಾಡೋ ಮನೆಗಳಿಗೆ ಬಿದ್ದ ಪೆಟ್ಟು ಬೆಂಗಳೂರಲ್ಲಿ ಯಾರಿಗೂ ಕಾಣಲಿಲ್ಲ. ಮತ್ತೆ ಹತ್ತಕ್ಕೆ ಇಳಿದಿದ್ದು 2024ರಲ್ಲಿ. ಹೊಸ ರೈಲು ಬೇಡ ನಮಗೆ, ಇರೋದು ನಿಲ್ಲಲಿ, ಕಾಲೇಜು ಟೈಮಿಗೆ ಸರಿಯಾಗಿ ಬರಲಿ.

ಹೋದ ತಿಂಗಳು ಸಂಜೆ ಪ್ಯಾಸೆಂಜರಲ್ಲಿ ಬಂದು ಇಳಿದೆ. ನನ್ನ ಜೊತೆ ಹತ್ತು ಹದಿನೈದು ಕಾಲೇಜು ಮಕ್ಕಳು ಇಳಿದ್ರು, ಅದ್ರಲ್ಲೊಬ್ಬಳು ಬ್ಯಾಗ್ ಎದೆಗೆ ಅವಚಿಕೊಂಡು ಫೋನಲ್ಲಿ ಮಾತಾಡ್ತಾ ಓಡ್ತಾ ಇದ್ಲು, "ಅವ್ವಾ ಟ್ರೈನ್ ಇಳ್ದೆ, ನೀನು ಹಾಲು ಕರೀಬೇಡ, ಕೈ ನೋವು ಅಂತೀಯ, ನಾನೇ ಬಂದು ಕರೀತೀನಿ."