ಟ್ರಾಯ್ ಕೆನಡಿ ಮಾರ್ಟಿನ್: ಮಾತಿನ ಹೊರೆ ಇಳಿಸಿದವರು

ಮಂಗಳೂರಿನಲ್ಲಿ ಸಿನಿಮಾಕ್ಕೆ ಬರೆಯಲು ಕೂತವರಲ್ಲಿ ಹಲವರು ನಾಟಕದಲ್ಲಿ ಪಳಗಿದವರು. ಹಾಗಾಗಿ ಕೈಗೆ ಮೊದಲು ಬರುವುದು ಸಂಭಾಷಣೆ: ಎರಡು ಕುರ್ಚಿ, ಮೂರು ಜನ, ನಾಲ್ಕು ಪುಟ ಮಾತು. ಚಿತ್ರಕಥೆಗಾರ ಟ್ರಾಯ್ ಕೆನಡಿ ಮಾರ್ಟಿನ್ (1932–2009) ಬ್ರಿಟಿಷ್ ಟೀವಿಯಲ್ಲಿ ಜಗಳಕ್ಕೆ ನಿಂತದ್ದು ಈ ಅಭ್ಯಾಸದ ಮೇಲೆಯೇ.

1962ರ ಜನವರಿಯಲ್ಲಿ ಬಿಬಿಸಿಯಲ್ಲಿ ಶುರುವಾದ ‘ಝಡ್ ಕಾರ್ಸ್’ ಅವರ ಸೃಷ್ಟಿ. ಗಸ್ತು ಕಾರಿನ ಪೊಲೀಸರ ಕಥೆ. ಆರಂಭದ ಕಂತುಗಳು ಸ್ಟುಡಿಯೋದಿಂದ ನೇರಪ್ರಸಾರ. ಕಾರು ನಿಂತಲ್ಲೇ ಇರುತ್ತಿತ್ತು, ಹಿಂದಿನ ಪರದೆಯಲ್ಲಿ ರಸ್ತೆ ಓಡುತ್ತಿತ್ತು. ಮೊದಲ ಕಂತಿನಲ್ಲೇ ಒಬ್ಬ ಪೊಲೀಸನ ಹೆಂಡತಿಯ ಕಣ್ಣು ಹೊಡೆತಕ್ಕೆ ಕಪ್ಪಗಾಗಿರುತ್ತದೆ. ಹೊಡೆದದ್ದು ಗಂಡನೇ. ‘ಇವನು ಒಳ್ಳೆಯವನಲ್ಲ’ ಅಂತ ಯಾರೂ ಬಾಯಿಬಿಟ್ಟು ಹೇಳಬೇಕಿಲ್ಲ.

1964ರಲ್ಲಿ ‘ಎನ್ಕೋರ್’ ಪತ್ರಿಕೆಗೆ ಬರೆದ ಲೇಖನದಲ್ಲಿ ಅವರು ವಾದವನ್ನೇ ಮುಂದಿಟ್ಟರು: ಟೀವಿ ನಾಟಕ ರಂಗಭೂಮಿಯ ಸಾಲ ಹೊತ್ತಿದೆ, ಕಥೆಯೆಲ್ಲ ಮಾತಿನಲ್ಲಿ ಸಾಗುತ್ತದೆ, ಕ್ಯಾಮೆರಾ ಮಾತಾಡುವ ಮುಖ ಹಿಡಿಯುತ್ತ ಕೂರುತ್ತದೆ, ಕಾಲವೂ ಗಡಿಯಾರದ ಹಾಗೆ ನಡೆಯುತ್ತದೆ. ಈ ಕೊನೆಯದು ಕರಾವಳಿಯವರಿಗೆ ಬೇಗ ಅರ್ಥವಾಗಬೇಕು. ಯಕ್ಷಗಾನದಲ್ಲಿ ನಾಲ್ಕು ಸುತ್ತು ಪ್ರಯಾಣ ಕುಣಿತ ಹಾಕಿದರೆ ರಾಜ್ಯವೇ ದಾಟಿ ಆಯಿತು. ಅದೇ ಒಂದು ಪದ್ಯದ ಅರ್ಥಕ್ಕೆ ಅರ್ಧ ಗಂಟೆ. ಕಾಲವನ್ನು ಹಿಗ್ಗಿಸಿ ಕುಗ್ಗಿಸುವುದು ನಮಗೆ ಗೊತ್ತು ಮಾರಾಯ್ರೆ, ಸ್ಕ್ರಿಪ್ಟ್ ಬರೆಯುವಾಗ ಮಾತ್ರ ಮರೆತುಹೋಗುತ್ತದೆ. ಅದೇ ವರ್ಷದ ಟೀವಿ ಧಾರಾವಾಹಿ ‘ಡೈರಿ ಆಫ್ ಎ ಯಂಗ್ ಮ್ಯಾನ್’ನಲ್ಲಿ, ಸಹಲೇಖಕ ಜಾನ್ ಮೆಕ್‌ಗ್ರಾತ್ ಜೊತೆ, ಸ್ಥಿರಚಿತ್ರ ಮತ್ತು ಹಿನ್ನೆಲೆ ನಿರೂಪಣೆಯಿಂದ ಮಾರ್ಟಿನ್ ಅದನ್ನು ಮಾಡಿ ತೋರಿಸಿದರು.

ಸಿನಿಮಾಕ್ಕೆ ಬಂದಾಗ ‘ದಿ ಇಟಾಲಿಯನ್ ಜಾಬ್’ (1969). ಟ್ಯೂರಿನ್ ನಗರದ ಟ್ರಾಫಿಕ್ ಕಂಪ್ಯೂಟರ್ ಕೆಡಿಸಿ, ಜಾಮ್ ಮಾಡಿ, ಚಿನ್ನ ದೋಚುವುದು. (ಮಂಗಳೂರಿನ ಪಂಪ್‌ವೆಲ್ ವೃತ್ತದಲ್ಲಿ ಇದಕ್ಕೆ ಕಂಪ್ಯೂಟರ್ ಬೇಕಿಲ್ಲ, ಒಂದು ಮಳೆ ಸಾಕು.) ಇಲ್ಲಿ ಗಮನಿಸಬೇಕಾದದ್ದು ಹೆಣಿಗೆ: ಜಾಮ್ ಆದರೆ ಪೊಲೀಸರೂ ಸಿಕ್ಕಿಬೀಳುತ್ತಾರೆ, ಕಳ್ಳರೂ. ಹಾಗಾಗಿ ಮೆಟ್ಟಿಲು, ಅಂಗಡಿ ಸಾಲು, ಚರಂಡಿ ಕೊಳವೆಯಲ್ಲಿ ನುಗ್ಗುವ ಪುಟ್ಟ ಮಿನಿ ಕಾರುಗಳೇ ಬೇಕು. ವಾಹನ ಕಥೆಯಿಂದ ಹುಟ್ಟಿದ್ದು, ಚೆಂದಕ್ಕೆ ಇಟ್ಟದ್ದಲ್ಲ. ಮರುವರ್ಷ ‘ಕೆಲ್ಲೀಸ್ ಹೀರೋಸ್’: ಯುದ್ಧದ ನಡುವೆ ಮತ್ತೆ ಚಿನ್ನ.

ಅವರ ಕಸುಬು ಪೂರ್ತಿ ಕಾಣುವುದು 1985ರ ‘ಎಡ್ಜ್ ಆಫ್ ಡಾರ್ಕ್‌ನೆಸ್’ನಲ್ಲಿ. ಆರು ಕಂತಿನ ಟೀವಿ ಧಾರಾವಾಹಿ. ಯಾರ್ಕ್‌ಶೈರ್ ಪೊಲೀಸ್ ಕ್ರೇವನ್‌ನ ಕಣ್ಣೆದುರೇ ಮಗಳು ಎಮ್ಮಾಳನ್ನು ಗುಂಡಿಟ್ಟು ಕೊಲ್ಲುತ್ತಾರೆ. ಆಮೇಲೆ ಅಪ್ಪ ಅವಳ ಸಾಮಾನು ಒಂದೊಂದೇ ತೆಗೆದು ನೋಡುತ್ತಾನೆ. ಮಾತಿಲ್ಲ. ಅದರೊಳಗೆ ಒಂದು ಪಿಸ್ತೂಲು, ವಿಕಿರಣ ಅಳೆಯುವ ಒಂದು ಗೀಗರ್ ಕೌಂಟರ್. ಮುಂದೆ ಅವಳ ಕೂದಲಿನಲ್ಲೂ ವಿಕಿರಣವಿದೆ ಎಂದು ತಿಳಿಯುತ್ತದೆ. ಕೊಲೆಯ ಕಥೆ ಪ್ಲುಟೋನಿಯಂ ಕಥೆಯಾಗಿ ತಿರುಗುವುದು ಇಷ್ಟರಲ್ಲಿ. ಇದನ್ನೇ ಸಂಭಾಷಣೆಯಲ್ಲಿ ಬರೆದಿದ್ದರೆ ಒಬ್ಬ ಗೆಳೆಯ ಬಂದು ಎರಡು ಪುಟ ವಿವರಿಸಬೇಕಿತ್ತು, ಅಪ್ಪನ ದುಃಖ ಅಲ್ಲಿಗೆ ತುಂಡಾಗುತ್ತಿತ್ತು.

ಎಡವಿದ್ದೂ ಇಲ್ಲೇ. ಕೊನೆಗೆ ಕ್ರೇವನ್ ಮರವಾಗಬೇಕು ಎಂದು ಅವರು ಯೋಚಿಸಿದ್ದರು. ನಾಯಕ ನಟ ಬಾಬ್ ಪೆಕ್ ಒಪ್ಪಲಿಲ್ಲ. ತುಳುವಿನ ಕಥನ ಹಾಡಾದ ಪಾಡ್ದನದಲ್ಲಿ ಮನುಷ್ಯರು ಮಾಯವಾಗಿ ದೈವವಾಗುವುದನ್ನು ಕೇಳಿದವರಿಗೆ ಮರವಾಗುವುದು ದೊಡ್ಡ ವಿಷಯವಲ್ಲ. ಆದರೆ ಪಾಡ್ದನ ಮೊದಲ ಸಾಲಿನಿಂದಲೇ ಆ ಲೋಕದ್ದು. ಇಲ್ಲಿ ಪೊಲೀಸ್ ಕಡತ, ಮಂತ್ರಿ, ಕಂಪನಿ ಎಂದು ಐದು ಗಂಟೆ ನೋಡಿದವನಿಗೆ ಕೊನೆಯ ಗಳಿಗೆಯಲ್ಲಿ ಮರ ತೋರಿಸಿದರೆ ನಗು ಬಂದೀತು. ನಟ ಹೇಳಿದ್ದೇ ಸರಿ. ಬದಲಿಗೆ ಬೆಟ್ಟದ ಹಿಮದಲ್ಲಿ ಅರಳಿದ ಕಪ್ಪು ಹೂಗಳು ಬಂದವು. ಭೂಮಿ ತನ್ನನ್ನು ತಾನು ಕಾಯ್ದುಕೊಳ್ಳುತ್ತದೆ ಎಂಬ ಅದೇ ವಿಚಾರ, ಕ್ಯಾಮೆರಾಕ್ಕೆ ದಕ್ಕುವ ಗಾತ್ರದಲ್ಲಿ.

ಮೈಕೆಲ್ ಮ್ಯಾನ್ ನಿರ್ದೇಶಿಸಿದ ‘ಫೆರಾರಿ’ 2023ರಲ್ಲಿ ತೆರೆ ಕಂಡಾಗ ಚಿತ್ರಕಥೆಗೆ ಇದ್ದದ್ದು ಇವರದೇ ಹೆಸರು. ತೀರಿಕೊಂಡು 14 ವರ್ಷವಾಗಿತ್ತು. ರೇಸ್ ಕಾರು ತಯಾರಕ ಎಂಜೋ ಫೆರಾರಿಯ ಇಡೀ ಬದುಕು ಅದರಲ್ಲಿಲ್ಲ. ಇರುವುದು 1957ರ ಕೆಲವು ತಿಂಗಳು, ಮಿಲ್ಲೆ ಮಿಲ್ಯ ರೇಸು, ಸತ್ತ ಮಗನ ಸಮಾಧಿ, ಹೆಂಡತಿಯದೊಂದು ಪ್ರೇಯಸಿಯದೊಂದು ಎಂದು ಎರಡು ಮನೆ.